‘ಅಲ್ಹಾಂಬ್ರ ಟಿಕೆಟ್ ಸೇರಿದೆ’ ಅಂದರೆ ಯಾವ ಟಿಕೆಟ್ ಅಂತ ಕೇಳಿ

ಸ್ಪೇನಿನ ಗ್ರಾನಡ ಊರಿನಲ್ಲಿರುವ ಅಲ್ಹಾಂಬ್ರ ಅನ್ನುವ ಹಳೇ ಕೋಟೆ-ಅರಮನೆ ನೋಡಲು ಹೋಗುವವರು, ಅದರಲ್ಲೂ ಊರಿಂದ ಬಂದ ಅಪ್ಪ ಅಮ್ಮನನ್ನು ಕರೆದುಕೊಂಡು ಹೋಗುವವರು ಇದನ್ನು ಒಮ್ಮೆ ಓದಿಕೊಳ್ಳಿ. ತಲೆಗೆ 79 ಯೂರೋದಂತೆ ನಾಲ್ಕು ಜನಕ್ಕೆ 316 ಯೂರೋ ಕಟ್ಟಿ, ಹದಿಮೂರು ಗಂಟೆ ಬಸ್ಸಲ್ಲೂ ಬಿಸಿಲಲ್ಲೂ ಸುತ್ತಿ, ಯಾವುದನ್ನು ನೋಡಬೇಕು ಅಂತ ಹೊರಟಿದ್ದೆವೋ ಅದರ ಬಾಗಿಲ ತನಕ ಹೋಗಿ ವಾಪಸ್ ಬಂದ ಕಥೆ ಇದು. ಕಂಪನಿಯ ಹೆಸರು ಹಾಕುವುದಿಲ್ಲ. ಹಾಕಿದರೂ ಪ್ರಯೋಜನ ಕಡಿಮೆ, ಇದೇ ಪ್ಯಾಕೇಜು ಐದಾರು ಬೇರೆ ಹೆಸರುಗಳಲ್ಲಿ ಮಾರಾಟಕ್ಕಿರುವುದನ್ನು ಆಮೇಲೆ ನೋಡಿದೆ.

ನಾವಿರುವುದು ಡಬ್ಲಿನ್‌ನಲ್ಲಿ. ಹೋದ ಮೇ ತಿಂಗಳು ದಾವಣಗೆರೆಯಿಂದ ಅಪ್ಪ ಅಮ್ಮ ಬಂದಿದ್ದರು. ಐರ್ಲೆಂಡ್ ವೀಸಾ ಇದ್ದರೆ ಯುರೋಪೆಲ್ಲ ಓಡಾಡಬಹುದು ಅಂತ ಊರಲ್ಲಿ ತುಂಬ ಜನ ಅಂದುಕೊಂಡಿರುತ್ತಾರೆ. ಹಾಗಿಲ್ಲ, ಶೆಂಗೆನ್ ವೀಸಾ ಬೇರೆಯೇ ಮಾಡಿಸಬೇಕು. ಅದನ್ನು ಮಾಡಿಸಿ, ನನ್ನ ಗಂಡನ ರಜೆ ಹೊಂದಿಸಿಕೊಂಡು ಉಳಿದದ್ದು ನಾಲ್ಕು ದಿನ. ದಕ್ಷಿಣ ಸ್ಪೇನಿನ ಮಾಲಗ ಪಕ್ಕದ ತೊರ್ರೆಮೊಲಿನೊಸ್‌ನಲ್ಲಿ ಹೋಟೆಲ್ ಹಿಡಿದೆವು. ಅಮ್ಮನಿಗೆ ಸಮುದ್ರ, ಅಪ್ಪನಿಗೆ ಗ್ರಾನಡ.

ಅಪ್ಪ ನೀರಾವರಿ ಇಲಾಖೆಯವರು. ಸರ್ವೀಸೆಲ್ಲ ಭದ್ರಾ ನಾಲೆಯ ಮೇಲೆ, ನೀರು ಬಿಡುವ ಸೌಡಿಗಳ ಜೊತೆ, ತೂಬುಗಳ ಜೊತೆ ಕಳೆದವರು. ಅರಮನೆ, ಸುಲ್ತಾನ, ಕೆತ್ತನೆ ಇವು ಅವರಿಗೆ ಎರಡನೆಯ ಮಾತು. ಯೂಟ್ಯೂಬಿನಲ್ಲಿ ಅಲ್ಹಾಂಬ್ರದ ಸಿಂಹಗಳ ಅಂಗಳ ನೋಡಿದಾಗಿನಿಂದ ಒಂದೇ ಪ್ರಶ್ನೆ: “ಪಂಪ್ ಇಲ್ದೆ ಗುಡ್ಡದ ಮ್ಯಾಲೆ ನೀರು ಹೆಂಗ್ ಚಿಮ್ತದವ್ವ?” ಹನ್ನೆರಡು ಅಮೃತಶಿಲೆಯ ಸಿಂಹಗಳು, ಅವುಗಳ ಬೆನ್ನ ಮೇಲೆ ದೊಡ್ಡ ಬೋಗುಣಿ, ನಾಲ್ಕು ದಿಕ್ಕಿಗೆ ನಾಲ್ಕು ಕಾಲುವೆ, ಸುತ್ತ 124 ಕಂಬ. ಗ್ರಾನಡದ ಸುಲ್ತಾನ ಐದನೆಯ ಮುಹಮ್ಮದ್ ಕಟ್ಟಿಸಿದ್ದು, 14ನೇ ಶತಮಾನ. ಇತ್ತ ಬುಕ್ಕರಾಯ ವಿಜಯನಗರ ಆಳುತ್ತಿದ್ದ ಆಸುಪಾಸಿನ ಕಾಲ. ತುಂಗಭದ್ರೆಯ ದಂಡೆಯ ವಿಜಯನಗರ ಕಾಲುವೆಗಳಲ್ಲಿ ಇವತ್ತಿಗೂ ನೀರು ಹರಿಯುತ್ತದಲ್ಲ, ಅದಕ್ಕೂ ಇದಕ್ಕೂ ಹೋಲಿಸಿ ನೋಡಬೇಕು ಅನ್ನುವುದು ಅಪ್ಪನ ಆಸೆ.

ನಾನು ಬುಕ್ ಮಾಡಿದ ಪುಟದಲ್ಲಿ ದೊಡ್ಡದಾಗಿ ಹಾಕಿದ್ದ ಫೋಟೋ ಅದೇ ಸಿಂಹಗಳ ಅಂಗಳದ್ದು. ಕೆಳಗೆ “ಅಲ್ಹಾಂಬ್ರ ಪ್ರವೇಶ ಸೇರಿದೆ, ಗೈಡ್ ಸೇರಿದೆ, ಹೋಟೆಲಿನಿಂದ ಪಿಕಪ್”. ಇನ್ನೇನು ಬೇಕು ಅಂತ ಹದಿನೈದು ದಿನ ಮುಂಚೆ ದುಡ್ಡು ಕಟ್ಟಿದೆ.

ಈಗ ಮುಖ್ಯ ವಿಷಯ. ಅಲ್ಹಾಂಬ್ರ ಒಂದು ಕಟ್ಟಡವಲ್ಲ, ಗುಡ್ಡದ ಮೇಲಿನ ಒಂದು ಊರು. ಅಲ್ಕಸಾಬ ಅನ್ನುವ ಕೋಟೆ ಒಂದು ಕಡೆ, ಹೆನೆರಲಿಫೆ ಅನ್ನುವ ತೋಟ ಮತ್ತು ಬೇಸಿಗೆ ಅರಮನೆ ಇನ್ನೊಂದು ಕಡೆ, ನಡುವೆ ನಸ್ರಿದ್ ಅರಮನೆಗಳು, ಅಂದರೆ ಆ ವಂಶದ ಸುಲ್ತಾನರ ಅರಮನೆಗಳು. ಫೋಟೋಗಳಲ್ಲಿ ನೀವು ನೋಡಿರುವ ಅಲ್ಹಾಂಬ್ರದ ಒಳಭಾಗ ಬಹುಪಾಲು ಈ ನಸ್ರಿದ್ ಅರಮನೆಗಳದ್ದೇ. ಟಿಕೆಟಿನಲ್ಲೂ ಬೇರೆ ಬೇರೆ ಬಗೆ. ಜನರಲ್ ಟಿಕೆಟ್ ಅಂದರೆ ಮೂರೂ ಸೇರಿ. ಅದರಲ್ಲಿ ನಸ್ರಿದ್ ಅರಮನೆಗೆ ಇಂತಿಷ್ಟು ಗಂಟೆಗೆ ಅಂತ ಸಮಯ ಅಚ್ಚಾಗಿರುತ್ತದೆ, ಆ ಹೊತ್ತು ತಪ್ಪಿದರೆ ಮುಗಿಯಿತು. ಇನ್ನೊಂದು ‘ಹಾರ್ದಿನೆಸ್’, ಅಂದರೆ ತೋಟಗಳ ಟಿಕೆಟ್. ಅದರಲ್ಲಿ ತೋಟ ಇದೆ, ಕೋಟೆ ಇದೆ, ನಸ್ರಿದ್ ಅರಮನೆ ಇಲ್ಲ. ರೇಟು ಹೆಚ್ಚುಕಡಿಮೆ ಅರ್ಧ, ಸಿಗುವುದೂ ಸುಲಭ. ಎರಡಕ್ಕೂ ‘ಅಲ್ಹಾಂಬ್ರ ಪ್ರವೇಶ’ ಅಂತ ಬರೆದರೆ ಅದು ಸುಳ್ಳಾಗುವುದಿಲ್ಲ. ಇಲ್ಲೇ ಇರುವುದು ಮಸಲತ್ತು.

ನನಗೆ ಅನುಮಾನ ಬರಬೇಕಾಗಿದ್ದದ್ದು ಮೊದಲೇ. ಅಲ್ಹಾಂಬ್ರದ ಟಿಕೆಟ್ ಹೆಸರು ಮತ್ತು ಪಾಸ್‌ಪೋರ್ಟ್ ನಂಬರಿನ ಮೇಲೆ ಕೊಡುತ್ತಾರೆ. ನಮ್ಮ ಕಂಪನಿ ಪಾಸ್‌ಪೋರ್ಟ್ ನಂಬರ್ ಕೇಳಿದ್ದು ಹೊರಡುವ ಹಿಂದಿನ ರಾತ್ರಿ ಒಂಬತ್ತಕ್ಕೆ, ವಾಟ್ಸ್ಯಾಪಿನಲ್ಲಿ. ಅಂದರೆ ಅಷ್ಟು ಹೊತ್ತಿನ ತನಕ ಅವರ ಕೈಯಲ್ಲಿ ನಮ್ಮ ಟಿಕೆಟ್ಟೇ ಇರಲಿಲ್ಲ.

ಬೆಳಗ್ಗೆ 6:40ಕ್ಕೆ ಪಿಕಪ್. ಅಮ್ಮ ಐದಕ್ಕೇ ಎದ್ದು ಹಿಂದಿನ ದಿನದ ಚಪಾತಿ ಡಬ್ಬಿಗೆ ಹಾಕಿದ್ದರು, ಅದೊಂದು ಪುಣ್ಯ. ಗ್ರಾನಡ ಇರುವುದು ಮಾಲಗದ ಆಚೆ. ಬಸ್ಸು ಹೊರಟಿದ್ದು ಅದಕ್ಕೆ ಉಲ್ಟಾ ದಿಕ್ಕಿಗೆ, ಬೆನಾಲ್ಮದೆನ, ಅಲ್ಲಿಂದ ಫುಯೆಂಹಿರೋಲ. ಹೋಟೆಲ್ ಹೋಟೆಲಿನ ಮುಂದೆ ನಿಂತು ಒಬ್ಬೊಬ್ಬರನ್ನೇ ಹತ್ತಿಸಿಕೊಂಡು ತಿರುಗಿ ಬಂತು. ಎಂಟು ಗಂಟೆಗೆ ನಮ್ಮ ಹೋಟೆಲಿನ ಮುಂದಿನಿಂದಲೇ ಹಾದು ಹೋದೆವು. ತಿಂಡಿಯ ಹಾಲಿನಲ್ಲಿ ಜನ ಕಾಫಿ ಕುಡಿಯುತ್ತಿದ್ದದ್ದು ಕಿಟಕಿಯಲ್ಲಿ ಕಾಣುತ್ತಿತ್ತು. ಆಮೇಲೆ ಹೆದ್ದಾರಿಯ ಒಂದು ಕಫೆಯಲ್ಲಿ ನಲವತ್ತು ನಿಮಿಷ ನಿಲುಗಡೆ. ಮಾಲಗದಿಂದ ಗ್ರಾನಡಕ್ಕೆ ಸುಮಾರು 125 ಕಿ.ಮೀ., ಸಾಮಾನ್ಯ ಸರ್ವೀಸ್ ಬಸ್ಸಿನಲ್ಲಿ ಹೋದರೂ ಎರಡು ಗಂಟೆಯೊಳಗೆ ಮುಟ್ಟಬಹುದು. ನಾವು ಮುಟ್ಟಿದ್ದು ಹತ್ತೂಮುಕ್ಕಾಲಿಗೆ.

ಒಳಗೆ ನಮ್ಮನ್ನು ವಹಿಸಿಕೊಂಡವರು ಬೇರೆ ಗೈಡ್, ಕೊರಳಲ್ಲಿ ಅಧಿಕೃತ ಬಿಲ್ಲೆ ಹಾಕಿದ್ದ ಐವತ್ತರ ಆಸುಪಾಸಿನ ಹೆಂಗಸು. ಅವರ ಬಗ್ಗೆ ಒಂದು ಕೆಟ್ಟ ಮಾತೂ ಆಡುವ ಹಾಗಿಲ್ಲ. ಸ್ಪ್ಯಾನಿಷ್, ಇಂಗ್ಲಿಷ್, ಫ್ರೆಂಚ್ ಮೂರರಲ್ಲೂ ಒಂದಾದ ಮೇಲೊಂದು ಹೇಳಬೇಕು, ಪಾಪ. ಅಂದರೆ ಪ್ರತಿ ಜಾಗದಲ್ಲಿ ನಮಗೆ ದಕ್ಕುತ್ತಿದ್ದದ್ದು ಮೂರನೇ ಒಂದು ಭಾಗ, ಉಳಿದ ಹೊತ್ತು ಬಿಸಿಲು.

ಮೊದಲು ಹೆನೆರಲಿಫೆ. ಅಲ್ಲಿ ‘ನೀರಿನ ಮೆಟ್ಟಿಲು’ ಅಂತ ಒಂದಿದೆ. ಮೆಟ್ಟಿಲ ಎರಡೂ ಕಡೆಯ ಕೈಗೋಡೆಯ ತಲೆಯ ಮೇಲೇ ಕಾಲುವೆ, ಅದರಲ್ಲಿ ನೀರು ಸುಯ್ ಅಂತ ಇಳಿಯುತ್ತಿರುತ್ತದೆ. ಅಪ್ಪ ಶರ್ಟಿನ ತೋಳು ಮೇಲೆ ಸರಿಸಿ ಎರಡು ಬೆರಳು ನೀರಿಗಿಟ್ಟು ನಿಂತರು. ಒಂದು ಒಣಗಿದ ಎಲೆ ತಗೊಂಡು ಬಿಟ್ಟು, ಅದು ಕೆಳಗಿನ ತಿರುವು ಮುಟ್ಟುವ ತನಕ ಗಡಿಯಾರ ನೋಡಿದರು. “ಏನು ಇಳಿಜಾರು ಕೊಟ್ಟಾರವ್ವ, ಒಂದು ಹನಿ ಆಚೆ ಚೆಲ್ಲಲ್ಲ.” ದಾರೊ ನದಿಗೆ ಸುಮಾರು 6 ಕಿ.ಮೀ. ಮೇಲೆ ಅಡ್ಡ ಕಟ್ಟಿ, ಗುಡ್ಡದ ಪಕ್ಕೆಯಲ್ಲೇ ಸಣ್ಣ ಇಳಿಜಾರಿನಲ್ಲಿ ಕಾಲುವೆ ತಂದಿದ್ದಾರೆ, ಅಸೇಕಿಯ ರೆಯಾಲ್ ಅಂದರೆ ರಾಜನಾಲೆ ಅಂತ ಗೈಡ್ ಹೇಳಿದರು. ಅಪ್ಪ ಗೆದ್ದವರ ಹಾಗೆ ನನ್ನ ಕಡೆ ನೋಡಿದರು. ಆ ಹತ್ತು ನಿಮಿಷಕ್ಕೆ 79 ಯೂರೋ ಆದರೂ ಕೊಡಬಹುದಿತ್ತು ಅಂತ ಈಗ ಅನಿಸುತ್ತದೆ, ಆದರೆ ಅದು ನನ್ನ ಸಿಟ್ಟು ಇಳಿದ ಮೇಲಿನ ಮಾತು.

ಅಲ್ಲಿಂದ ಐದನೆಯ ಚಾರ್ಲ್ಸ್ ಅರಮನೆ. ಹೊರಗೆ ಚೌಕ, ಒಳಗೆ ದುಂಡನೆಯ ಅಂಗಳ, 1527ರಲ್ಲಿ ಶುರುವಾದದ್ದು. “ಇದೂ ನಿಮ್ಮ ಪ್ಯಾಕೇಜಿನಲ್ಲಿ ಸೇರಿದೆ” ಅಂತ ಬಸ್ಸಿನ ಹುಡುಗ ಮೈಕಿನಲ್ಲಿ ಸಾರಿದ್ದ. ಆ ಅಂಗಳಕ್ಕೆ ಯಾರಿಗೂ ಟಿಕೆಟ್ ಇಲ್ಲ. ಊರ ಕಡೆಯಿಂದ ನ್ಯಾಯದ ಬಾಗಿಲಲ್ಲಿ ಹತ್ತಿ ಬಂದವರು ಯಾರು ಬೇಕಾದರೂ ಒಳಗೆ ಹೋಗಬಹುದು.

ಆ ಕಟ್ಟಡದ ಪಕ್ಕದಲ್ಲೇ ನಸ್ರಿದ್ ಅರಮನೆಗಳ ಕ್ಯೂ. ಗೈಡ್ ಉಳಿದವರನ್ನು ಕೋಟೆಯ ಕಡೆ ತಿರುಗಿಸುತ್ತಿದ್ದರೆ, ಅಪ್ಪ ಆಗಲೇ ಕ್ಯೂನಲ್ಲಿ ನಿಂತಾಗಿತ್ತು, ಒಂದು ಕೈಯಲ್ಲಿ ಪಾಸ್‌ಪೋರ್ಟು, ಒಂದು ಕೈಯಲ್ಲಿ ಟಿಕೆಟ್ಟು. ಹದಿನೈದು ನಿಮಿಷ ನಿಂತು ಮುಂದೆ ಹೋದಾಗ ಬಾಗಿಲಿನ ಹುಡುಗಿ ಟಿಕೆಟ್ ತಿರುಗಿಸಿ ನೋಡಿ, ಬೆರಳಿಂದ ಒಂದು ಪದ ತೋರಿಸಿದಳು. “ಹಾರ್ದಿನೆಸ್. ನೊ ನಸರೀಸ್.” ಅಪ್ಪನಿಗೆ ಅರ್ಥವಾಗಲಿಲ್ಲ, ಮತ್ತೆ ಅದೇ ಟಿಕೆಟ್ ಚಾಚಿದರು. ಆಕೆ ಮತ್ತೆ ಅದೇ ಪದ ತೋರಿಸಿದಳು. ನಾನು ಹೋಗಿ ತೋಳು ಹಿಡಿದು ಈಚೆ ಕರೆದುಕೊಂಡು ಬಂದೆ.

“ಹೋಗ್ಲಿ ಬಿಡವ್ವ. ನೀರು ನೋಡಿದ್ವಲ್ಲ” ಅಂದರು. ಅಂದದ್ದೇ ನನಗೆ ಇನ್ನೂ ಹೊಟ್ಟೆ ಉರಿಯಿತು. ಗೈಡ್ ಹತ್ತಿರ ಕೇಳಿದರೆ ದನಿ ತಗ್ಗಿಸಿ, “ವಾರಕ್ಕೊಂದು ಗುಂಪು ನನ್ನನ್ನು ಇದನ್ನೇ ಕೇಳುತ್ತದೆ. ಟಿಕೆಟ್ ಕೊಳ್ಳುವುದು ನಾನಲ್ಲ” ಅಂದರು.

ಕೋಟೆಯ ತೊರ್ರೆ ದೆ ಲಾ ವೆಲ ಗೋಪುರ ಹತ್ತಿದೆವು. ಕೊನೆಯ ಸುಲ್ತಾನ ಬೊಅಬ್ದಿಲ್ ಊರು ಒಪ್ಪಿಸಿದ ದಿನ, 1492ರ ಜನವರಿ 2ರಂದು, ಗೆದ್ದವರು ಶಿಲುಬೆ ಎತ್ತಿ ನಿಲ್ಲಿಸಿದ ಜಾಗ. ಅಲ್ಲಿಂದ ಅಲ್ಬೈಸಿನ್ ಕಾಣುತ್ತದೆ, ಎದುರು ಗುಡ್ಡದ ಬಿಳಿ ಮನೆಗಳ ಹಳೇ ಕೇರಿ. ಜಾಹೀರಾತಿನಲ್ಲಿ ‘ಅಲ್ಬೈಸಿನ್ ವೀಕ್ಷಣೆ’ ಅಂತ ಇದ್ದದ್ದು ಹೀಗೆ ಗೋಪುರದಿಂದ ಕೈ ತೋರಿಸಿ ಮುಗಿಯಿತು. ದೊಡ್ಡ ಬಸ್ಸು ಆ ಗಲ್ಲಿಗಳಿಗೆ ಹೋಗುವ ಪ್ರಶ್ನೆಯೇ ಇಲ್ಲ, ಅಲ್ಲಿಗೆ ಓಡುವುದು ಊರಿನ ಮಿನಿಬಸ್ಸುಗಳು.

ಊಟ ಅವರೇ ಗೊತ್ತು ಮಾಡಿದ ಹೋಟೆಲಿನಲ್ಲಿ, ದುಡ್ಡು ಬೇರೆ. ಸಸ್ಯಾಹಾರಿಗಳು ಗಮನಿಸಿ: ‘ಎನ್ಸಲಾದ ಮಿಸ್ತ’ ಅಂತ ಸಲಾಡ್ ಹೇಳಿದರೆ ಸಾಮಾನ್ಯವಾಗಿ ಮೇಲೆ ಟ್ಯೂನ ಮೀನು ಉದುರಿಸಿ ತರುತ್ತಾರೆ, ‘ತೊರ್ತಿಯ’ ಅಂದರೆ ಮೊಟ್ಟೆ. ಅಮ್ಮನಿಗೆ ಒಗ್ಗಿದ್ದು ಒಂದೇ, ಕರಿದ ಬದನೆಕಾಯಿಯ ಮೇಲೆ ಕಬ್ಬಿನ ಪಾಕ ಸುರಿದದ್ದು. ಅವರು ಅದಕ್ಕೆ ಜೇನು ಅನ್ನುತ್ತಾರೆ, ಅಮ್ಮ ನೆಕ್ಕಿ ನೋಡಿ “ಇದು ಜೋನಿಬೆಲ್ಲ ಕಣೇ” ಅಂದರು. ಸರಿಯಾಗೇ ಹೇಳಿದರು.

ಆಮೇಲೆ ಮರದ ಕುಸುರಿ ಪೆಟ್ಟಿಗೆಗಳ ಅಂಗಡಿಯಲ್ಲಿ ಮುಕ್ಕಾಲು ಗಂಟೆ. ಕೆಲಸ ಚೆನ್ನಾಗಿದೆ, ಸುಳ್ಳು ಹೇಳಬಾರದು. ಆದರೆ ಗ್ರಾನಡ ಗೆದ್ದ ರಾಣಿ ಇಸಬೆಲ್ಲ, ರಾಜ ಫರ್ಡಿನಾಂಡ್ ಸಮಾಧಿ ಇರುವ ರಾಜಚಾಪೆಲ್‌ಗೆ ‘ಟೈಮಿಲ್ಲ’ ಅಂದವರಿಗೆ ಇದಕ್ಕೆ ಟೈಮಿತ್ತು. ಕ್ಯಾಥೆಡ್ರಲ್ ಪಕ್ಕದಲ್ಲಿ ಒಬ್ಬಾಕೆ ಅಮ್ಮನ ಕೈಗೆ ರೋಸ್‌ಮೇರಿ ಕಡ್ಡಿ ಇಟ್ಟಳು. ಅಮ್ಮ ತುಳಸಿ ತಗೊಂಡ ಹಾಗೆ ಎರಡೂ ಕೈಯಲ್ಲಿ ತಗೊಂಡು ಕಣ್ಣಿಗೊತ್ತಿಕೊಂಡರು. ಆಕೆ ಅಂಗೈ ಬಿಡಿಸಿ ಭವಿಷ್ಯ ಶುರು ಮಾಡಿ, ಕೊನೆಗೆ ಹತ್ತು ಯೂರೋ. ಐದಕ್ಕೆ ಬಿಡಿಸಿಕೊಂಡೆವು. ಅಲ್ಲಿ ಯಾರು ಎಲೆ ಚಾಚಿದರೂ ಕೈ ಜೇಬಿನಲ್ಲಿರಲಿ.

ಇನ್ನು ನೀವೇನು ಮಾಡಬಹುದು ಅಂತ. ಅಲ್ಹಾಂಬ್ರದ ಆಡಳಿತ ನೋಡಿಕೊಳ್ಳುವ ಪತ್ರೊನಾತೊದ ಅಧಿಕೃತ ಜಾಲತಾಣದಲ್ಲೇ, ವಿಮಾನದ ಟಿಕೆಟ್ ಆದ ದಿನವೇ ಜನರಲ್ ಟಿಕೆಟ್ ಹಿಡಿಯಿರಿ. ತಡವಾಗಿ ಹೋದರೆ ನಸ್ರಿದ್ ಅರಮನೆಯ ಜಾಗವೇ ಮೊದಲು ಖಾಲಿಯಾಗಿರುತ್ತದೆ. ಅಲ್ಲಿ ಸಿಗದಿದ್ದರೆ ಊರಿನ ಹಲವು ಜಾಗಗಳಿಗೆ ಒಟ್ಟಿಗೆ ಕೊಡುವ ಪಾಸ್, ಗ್ರಾನಡ ಕಾರ್ಡ್ ಇದೆ, ಅದರಲ್ಲೂ ‘ಹಾರ್ದಿನೆಸ್’ ಅನ್ನುವ ಬಗೆ ಒಂದಿದೆ, ಮತ್ತೆ ಅದೇ ಗುಂಡಿಗೆ ಬೀಳಬೇಡಿ. ರಾತ್ರಿ ನಸ್ರಿದ್ ಅರಮನೆ ಮಾತ್ರ ತೋರಿಸುವ ಟಿಕೆಟ್ ಬೇರೆ ಉಂಟು, ಊರಲ್ಲಿ ಒಂದು ರಾತ್ರಿ ಉಳಿಯುವವರಿಗೆ ಅದು ಚೆನ್ನ. ಟೂರಿನಲ್ಲೇ ಹೋಗಬೇಕು ಅನ್ನುವವರು, ದುಡ್ಡು ಕಟ್ಟುವ ಮೊದಲು ಎರಡೇ ಪ್ರಶ್ನೆ ಬರಹದಲ್ಲಿ ಕೇಳಿ: ನಸ್ರಿದ್ ಅರಮನೆ ಸೇರಿದೆಯೇ, ಸೇರಿದ್ದರೆ ನಮ್ಮ ಪ್ರವೇಶ ಎಷ್ಟು ಗಂಟೆಗೆ. ಗಂಟೆ ಹೇಳದೆ ಜಾರಿಕೊಂಡರೆ ಬಿಟ್ಟುಬಿಡಿ. ಪಾಸ್‌ಪೋರ್ಟ್ ಅಸಲಿಯೇ ಇಟ್ಟುಕೊಂಡಿರಿ, ಒಳಗೂ ಮತ್ತೆ ಕೇಳುತ್ತಾರೆ.

ಮೋಸ ಹೋದ ಮೇಲೆ? ಗ್ರಾನಡ, ಮಾಲಗ ಎಲ್ಲ ಇರುವ ಆಂದಲೂಸಿಯ ಪ್ರಾಂತ್ಯದಲ್ಲಿ ವ್ಯಾಪಾರ ಮಾಡುವವರು ‘ಓಹ ದೆ ರೆಕ್ಲಮಸಿಯೊನೆಸ್’ ಅನ್ನುವ ದೂರಿನ ಫಾರಂ ಇಟ್ಟಿರಲೇಬೇಕು, ಕೇಳಿದರೆ ಕೊಡಲೇಬೇಕು. ಹತ್ತು ಕೆಲಸದ ದಿನದೊಳಗೆ ಉತ್ತರ ಕೊಡಬೇಕು ಅಂತಲೂ ಇದೆ. ನನಗೆ ಇದು ಗೊತ್ತಾದದ್ದು ಡಬ್ಲಿನ್‌ಗೆ ಬಂದ ಮೇಲೆ. ಇಮೇಲ್ ಬರೆದೆ, ಜಾಹೀರಾತಿನ ಸ್ಕ್ರೀನ್‌ಶಾಟ್ ಹಾಕಿದೆ. ಉತ್ತರ: “ನಮ್ಮ ಪುಟದಲ್ಲಿ ನಸ್ರಿದ್ ಅರಮನೆ ಅಂತ ಎಲ್ಲೂ ಬರೆದಿಲ್ಲ.” ನಿಜ, ಬರೆದಿಲ್ಲ. ಫೋಟೋ ಬಗ್ಗೆ ಕೇಳಿದ್ದಕ್ಕೆ “ಅದು ಅಲಂಕಾರಕ್ಕೆ”. ಮೂರನೇ ಇಮೇಲಿಗೆ ರೋಂಡ ಅನ್ನುವ ಇನ್ನೊಂದು ಊರಿನ ಡೇ ಟೂರಿಗೆ ನೂರಕ್ಕೆ ಹತ್ತು ರಿಯಾಯಿತಿಯ ಒಂದು ಕೂಪನ್ ಕಳಿಸಿದರು. ಆ ಪುಟದಲ್ಲೂ ಒಂದು ಚೆಂದದ ಫೋಟೋ ಇದೆ.