ಸ್ಪಿಟಲ್‌ಫೀಲ್ಡ್ಸ್ ನೇಕಾರರ ನಡಿಗೆ: ಯಜಮಾನನ ಮನೆ ಕಂಡಿತು, ಮಗ್ಗದವನು ಕಾಣಲಿಲ್ಲ

ಲಂಡನ್ನಿನ ಪೂರ್ವ ಭಾಗದಲ್ಲಿರುವ ಸ್ಪಿಟಲ್‌ಫೀಲ್ಡ್ಸ್‌ನಲ್ಲಿ ಹ್ಯೂಗೆನಾಟ್ (ಫ್ರೆಂಚ್ ಪ್ರಾಟೆಸ್ಟಂಟ್) ರೇಷ್ಮೆ ನೇಕಾರರ ಬದುಕನ್ನು ಪರಿಚಯಿಸುವ ಎರಡು ಗಂಟೆಯ ಮಾರ್ಗದರ್ಶಿ ನಡಿಗೆಯೊಂದಕ್ಕೆ ಹೋಗಿದ್ದೆ. ಫ್ರಾನ್ಸಿನ ದೊರೆ ಹದಿನಾಲ್ಕನೆಯ ಲೂಯಿ ಪ್ರಾಟೆಸ್ಟಂಟರಿಗೆ ಧರ್ಮಾಚರಣೆಯ ಹಕ್ಕು ಕೊಟ್ಟಿದ್ದ ನಾಂಟ್ ಶಾಸನವನ್ನು 1685ರಲ್ಲಿ ರದ್ದುಪಡಿಸಿದಾಗ ದೇಶ ಬಿಟ್ಟವರಲ್ಲಿ ಹಲವರು ಇಲ್ಲಿ ನೆಲೆಸಿದರೆಂಬ ಕಥೆ ಎಲ್ಲರಿಗೂ ಗೊತ್ತಿರುವುದೇ. ಈ ನಡಿಗೆಯ ಜಾಣತನವೆಂದರೆ, ಅದನ್ನು ಎರಡು ಮಾತಿನಲ್ಲಿ ಮುಗಿಸಿ, ಹ್ಯೂಗೆನಾಟ್ ಮೂಲದ ಜೇಮ್ಸ್ ಲೆಮನ್ ಎಂಬ ಒಬ್ಬನೇ ನೇಕಾರನ ಬೆನ್ನು ಹಿಡಿದದ್ದು.

ಲೆಮನ್ 1702ರಲ್ಲಿ ತನ್ನ ತಂದೆ ಪೀಟರ್ ಲೆಮನ್ ಬಳಿಯೇ ಶಿಷ್ಯವೃತ್ತಿಗೆ ಸೇರಿದವನು. ಇಪ್ಪತ್ತು ತುಂಬುವ ಮೊದಲೇ ಅವನು ಬರೆದ ವಿನ್ಯಾಸಗಳು ಇಂದು ವಿಕ್ಟೋರಿಯಾ ಮತ್ತು ಆಲ್ಬರ್ಟ್ ವಸ್ತುಸಂಗ್ರಹಾಲಯದಲ್ಲಿವೆ. ಮಾರ್ಗದರ್ಶಿ ಅವುಗಳಲ್ಲೊಂದರ ಬಣ್ಣದ ಪ್ರತಿಯನ್ನು ಕೈಯಿಂದ ಕೈಗೆ ದಾಟಿಸಿದರು. ಯಾವ ತೋಟದಲ್ಲೂ ಬೆಳೆಯದ ಹೂವು, ಅದಕ್ಕೆ ಅಂಟಿಕೊಂಡಂತೆ ಕಟ್ಟಡದ ಕಮಾನಿನಂಥ ಒಂದು ತುಂಡು, ಎಲ್ಲೂ ನಿಲ್ಲದ ಬಳ್ಳಿ. ಲೆಮನ್ ತನ್ನ ಹಾಳೆಗಳ ಮೇಲೆ ದಿನಾಂಕ ಬರೆದು, ಇದು ತಂದೆಗಾಗಿ ಮಾಡಿದ್ದೆಂದು ಹೆಸರು ಸಹಿತ ಗುರುತು ಹಾಕುತ್ತಿದ್ದನಂತೆ. ಮುಂದೆ ವಿನ್ಯಾಸ, ನೇಯ್ಗೆ, ವ್ಯಾಪಾರ ಮೂರನ್ನೂ ಒಬ್ಬನೇ ಹಿಡಿದ ಅವನು 1745ರಲ್ಲಿ ತೀರಿಕೊಂಡ. ಆ ಹಾಳೆಯೊಂದಕ್ಕೇ ಕೊಟ್ಟ ದುಡ್ಡು ಸಾರ್ಥಕವೆನಿಸಿತು.

ಫೋರ್ನಿಯರ್ ಬೀದಿಯಲ್ಲಿ ತಲೆಯೆತ್ತಿ ನೋಡಿದರೆ ಅಟ್ಟದ ಉದ್ದಕ್ಕೂ ಹರಡಿದ ಅಗಲವಾದ ಕಿಟಕಿಗಳು ಕಾಣುತ್ತವೆ. ಕೂದಲೆಳೆಯಂಥ ರೇಷ್ಮೆಯ ಹಾಸಿನಲ್ಲಿ ಹರಿದ ಎಳೆ ಗುರುತಿಸಲು ಬೇಕಾದ ಬೆಳಕು ಅಲ್ಲಿಂದ ಬರುತ್ತಿತ್ತು. ಪ್ರಿನ್ಸ್‌ಲೆಟ್ ಬೀದಿಯಲ್ಲಿ ಅನ್ನಾ ಮರಿಯಾ ಗಾರ್ತ್‌ವೇಟ್ ಮನೆಯ ಮುಂದೆ ನಿಂತದ್ದೂ ಸರಿಯಾಗಿತ್ತು. ಪಾದ್ರಿಯ ಮಗಳಾದ ಈಕೆ ಹ್ಯೂಗೆನಾಟ್ ಅಲ್ಲ, ಮಗ್ಗದ ಮೇಲೆ ಕುಳಿತವಳೂ ಅಲ್ಲ. ಆದರೂ ಈ ನೇಕಾರರು ದಶಕಗಳ ಕಾಲ ಈಕೆ ಬರೆದುಕೊಟ್ಟ ಹೂಗಳನ್ನು ನೇಯ್ದರು. 1743ರಲ್ಲಿ ಹ್ಯೂಗೆನಾಟ್ ಪ್ರಾರ್ಥನಾ ಮಂದಿರವಾಗಿ ಕಟ್ಟಿ, ಮುಂದೆ ಯೆಹೂದ್ಯರ ಸಿನಗಾಗ್ ಆಗಿ, ಈಗ ಮಸೀದಿಯಾಗಿರುವ ಬ್ರಿಕ್ ಲೇನ್ ಕಟ್ಟಡದ ಬಳಿ ಮಾತ್ರ ಫೋಟೋ ತೆಗೆಯುವವರ ನೂಕುನುಗ್ಗಲಿನಲ್ಲಿ ವಿವರಣೆ ಅರ್ಧಕ್ಕರ್ಧ ಕೇಳಿಸಲಿಲ್ಲ.

ನನ್ನ ನಿಜವಾದ ತಕರಾರು ಬೇರೆ. ಯಜಮಾನ ನೇಕಾರನ ಮನೆಯನ್ನೇ ನೇಕಾರನ ಮನೆಯೆಂದು ತೋರಿಸುತ್ತಾ ಹೋದರೆ ಕೂಲಿ ನೇಕಾರ ಎಲ್ಲಿ ಹೋದ? ನೇಯ್ಗೆಯ ಬಹುಪಾಲು ನಡೆದದ್ದು ಪಕ್ಕದ ಬೆತ್ನಲ್ ಗ್ರೀನ್ ಕಡೆಯ ಸಣ್ಣ ಕೋಣೆಗಳಲ್ಲಿ. ಚಿತ್ತಾರದ ಬಟ್ಟೆಯಾದರೆ ಪಕ್ಕದಲ್ಲಿ ಹಾಸಿನ ಎಳೆಗಳನ್ನು ಎತ್ತುವ ಹಗ್ಗ ಎಳೆಯುವುದಕ್ಕೆಂದೇ ಒಬ್ಬ ಹುಡುಗ ನಿಲ್ಲಬೇಕಿತ್ತು. ಪರ್ಷಿಯಾ, ಚೀನಾ, ಇಂಡಿಯಾಗಳ ರೇಷ್ಮೆಯನ್ನು ಇಂಗ್ಲೆಂಡಿನಲ್ಲಿ ತೊಡುವಂತಿಲ್ಲವೆಂಬ ಕಾನೂನು 1701ರಲ್ಲಿ ಜಾರಿಗೆ ಬಂದುದನ್ನು ಮಾರ್ಗದರ್ಶಿ ಹೇಳಿದರಾದರೂ, 1719ರಲ್ಲಿ ತಮ್ಮ ರೇಷ್ಮೆಗೆ ಪೈಪೋಟಿಯಾಗಿದ್ದ ಕ್ಯಾಲಿಕೊ ಎಂಬ ಅಚ್ಚಿನ ಹತ್ತಿಬಟ್ಟೆ ತೊಟ್ಟ ಹೆಂಗಸರ ಮೇಲೆ ಇದೇ ನೇಕಾರರು ಬೀದಿಯಲ್ಲಿ ಏರಿಹೋದುದನ್ನು ಹೇಳಲಿಲ್ಲ. ಕೂಲಿಯ ಜಗಳ ತಾರಕಕ್ಕೇರಿ, ಮಗ್ಗದಲ್ಲಿದ್ದ ರೇಷ್ಮೆಯನ್ನು ಕತ್ತರಿಸಿದ ಆರೋಪದ ಮೇಲೆ ಇಬ್ಬರನ್ನು 1769ರ ಡಿಸೆಂಬರಿನಲ್ಲಿ ನೇಣಿಗೇರಿಸಿದ್ದರ ಪ್ರಸ್ತಾಪವೂ ಬರಲಿಲ್ಲ. ಕೇಳಿದ್ದಕ್ಕೆ, ಅದು ನಮ್ಮ ದಾರಿಯಲ್ಲಿ ಬರುವುದಿಲ್ಲ ಎಂಬ ಉತ್ತರ ಬಂತು.

ಭಾನುವಾರ ಹೋಗಬೇಡಿ, ಸಂತೆಯ ಗದ್ದಲದಲ್ಲಿ ಏನೂ ಕೇಳಿಸದು. ಬೇರೆ ದಿನ, ಬೆಳಗಿನ ಹೊತ್ತು ಹೋಗಿ. ನಡಿಗೆ ಮುಗಿದ ಮೇಲೆ ನಾನೊಬ್ಬನೇ ಬೆತ್ನಲ್ ಗ್ರೀನ್‌ವರೆಗೆ ನಡೆದು, ಆ ಇಬ್ಬರನ್ನು ನೇಣು ಹಾಕಿದ 'ಸಾಮನ್ ಅಂಡ್ ಬಾಲ್' ಪಬ್ಬಿನ ಎದುರು ಸ್ವಲ್ಪ ಹೊತ್ತು ನಿಂತೆ. ಆ ದಾರಿಯನ್ನೂ ಸೇರಿಸಿದರೆ ಇನ್ನಷ್ಟು ಹಣ ಕೊಟ್ಟು ಮತ್ತೊಮ್ಮೆ ಬರುತ್ತೇನೆಂದು ಸಂಘಟಕರಿಗೆ ಬರೆದಿದ್ದೇನೆ.