ಕೆಲಸ ಬಿಟ್ಟು ಮಣ್ಣಿಗೆ ಕೈ ಹಾಕುವವರಿಗೆ ಬಾಡಿಗೆ ಕಿಲ್ನ್: ಒಂದು ಶೇರ್ಡ್ ಸ್ಟುಡಿಯೋ ರಿವ್ಯೂ

ಸಾಫ್ಟ್‌ವೇರ್ ಬಿಟ್ಟು ಬರವಣಿಗೆಗೆ ಹೋಗುತ್ತೇನೆ ಅನ್ನುವವರಿಗೆ ಒಂದು ಮೇಜು, ಒಂದು ಲ್ಯಾಪ್‌ಟಾಪ್ ಸಾಕು. ಫೋಟೋಗ್ರಫಿಗೆ ಇಳಿಯುವವರು ಲೆನ್ಸ್ ಬಾಡಿಗೆಗೆ ತರಬಹುದು. ಕುಂಬಾರಿಕೆಗೆ ಬರುವವರ ಕಥೆ ಬೇರೆ. ಇಲ್ಲಿ ಬೆಂಕಿ ಬೇಕು. ಅದೂ 1,200 ಡಿಗ್ರಿ ದಾಟುವ ಬೆಂಕಿ, ಅದನ್ನು ಕೊಡುವ ಗೂಡು, ಅಂದರೆ ಕಿಲ್ನ್. ಅಪಾರ್ಟ್‌ಮೆಂಟಿನ ಬಾಲ್ಕನಿಯಲ್ಲಿ ಅದಕ್ಕೆ ಜಾಗ ಇಲ್ಲ, ಕರೆಂಟೂ ಸಾಲುವುದಿಲ್ಲ.

ಹಾಗಾಗಿ ನಾನು ಬೆಂಗಳೂರಿನ ಕನಕಪುರ ರಸ್ತೆ ಕಡೆಯ ಒಂದು ಶೇರ್ಡ್ ಪಾಟರಿ ಸ್ಟುಡಿಯೋಗೆ ಮೆಂಬರ್ ಆದೆ. ಗಂಡ ಹೆಂಡತಿ ಇಬ್ಬರು ಸೇರಿ ನಡೆಸುತ್ತಾರೆ. ಮೆಟ್ರೋ ಇಳಿದು ಆಟೋದಲ್ಲಿ ಐದು ನಿಮಿಷ. ಇಂಥ ಜಾಗಗಳ ಬಗ್ಗೆ ವಾರಾಂತ್ಯದ ವರ್ಕ್‌ಶಾಪಿಗೆ ಹೋದವರು ಬರೆದ ರಿವ್ಯೂಗಳು ಬೇಕಾದಷ್ಟಿವೆ. ಮನಸ್ಸಿಗೆ ಹಾಯ್ ಅನ್ನಿಸಿತು, ಫೋಟೋ ಚೆನ್ನಾಗಿ ಬಂತು ಅಂತ. ಇದನ್ನೇ ನಂಬಿ ಬದುಕಲು ಹೊರಟವರಿಗೆ ಆ ರಿವ್ಯೂಗಳಿಂದ ಏನೂ ಗೊತ್ತಾಗುವುದಿಲ್ಲ. ನಾನು ಅವರಿಗಾಗಿ ಬರೆಯುತ್ತಿದ್ದೇನೆ.

ಮೊದಲು ನನ್ನ ಬಗ್ಗೆ ಎರಡು ಮಾತು. ಹತ್ತು ವರ್ಷಕ್ಕೂ ಜಾಸ್ತಿ ಔಟರ್ ರಿಂಗ್ ರೋಡಿನ ಕಂಪನಿಯಲ್ಲಿ ಟೆಸ್ಟಿಂಗ್ ಮಾಡುತ್ತಿದ್ದೆ. ಬೇರೆಯವರು ಬರೆದ ಕೋಡ್ ಎಲ್ಲಿ ಮುರಿಯುತ್ತದೆ ಅಂತ ಹುಡುಕುವುದು ನನ್ನ ಕೆಲಸ. ಈಗ ಫಿಲ್ಟರ್ ಕಾಫಿ ಲೋಟ, ಮೊಸರಿನ ಬಟ್ಟಲು, ಉಪ್ಪಿನಕಾಯಿ ಭರಣಿ ಮಾಡಿ ಮಾರುತ್ತೇನೆ. ಮೂರು ತಿಂಗಳ ನೋಟಿಸ್ ಪೀರಿಯಡ್‌ನಲ್ಲೇ ಈ ಸ್ಟುಡಿಯೋಗೆ ಸಂಜೆ ಹೊತ್ತು ಬಂದು ಹೋಗುತ್ತಿದ್ದೆ. ಸೇರುವವರು ಹಾಗೇ ಮಾಡಿ. ಸಂಬಳ ಬರುತ್ತಿರುವಾಗಲೇ ಜಾಗ ಹೇಗಿದೆ ಅಂತ ನೋಡಿಕೊಳ್ಳುವುದು ವಾಸಿ.

ದುಡ್ಡಿನ ಲೆಕ್ಕ ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಇದನ್ನು ಯಾರೂ ಹೇಳುವುದಿಲ್ಲ. ಮೆಂಬರ್‌ಶಿಪ್ ತಿಂಗಳಿಗೆ 5,500 ರೂಪಾಯಿ. ಅದರಲ್ಲಿ ವೀಲ್, ಮೇಜು, ಒಂದು ರ‍್ಯಾಕ್ ಸಿಗುತ್ತದೆ. ಮಣ್ಣು ಕೆಜಿಗೆ 30 ರೂಪಾಯಿ. ಮೊದಲ ಸುಡುವಿಕೆ, ಅಂದರೆ ಬಿಸ್ಕ್, ತೂಕದ ಲೆಕ್ಕ: ಕೆಜಿಗೆ 50 ರೂಪಾಯಿ. ಗ್ಲೇಜ್ ಫೈರಿಂಗ್ (ಗಾಜಿನಂಥ ಲೇಪ ಹಚ್ಚಿ ಮಾಡುವ ಎರಡನೇ ಸುಡುವಿಕೆ) ಮಾತ್ರ ಕಿಲ್ನ್ ಒಳಗಿನ ಶೆಲ್ಫಿನ ಲೆಕ್ಕ, ಒಂದು ಶೆಲ್ಫಿಗೆ 1,200. ಈ ವ್ಯತ್ಯಾಸ ನ್ಯಾಯವಾಗೇ ಇದೆ. ಬಿಸ್ಕ್‌ನಲ್ಲಿ ಪಾತ್ರೆಗಳನ್ನು ಒಂದರ ಮೇಲೊಂದು ಪೇರಿಸಬಹುದು. ಗ್ಲೇಜ್ ಹಾಕಿದ ಮೇಲೆ ಒಂದಕ್ಕೊಂದು ತಾಗುವಂತಿಲ್ಲ, ತಾಗಿದರೆ ಗಾಜಿನಂತೆ ಕರಗಿ ಅಂಟಿಕೊಳ್ಳುತ್ತವೆ. ಒಂದು ಶೆಲ್ಫಿನಲ್ಲಿ ನನ್ನ 20 ಲೋಟ ಹಿಡಿಯುತ್ತವೆ. ಮಣ್ಣು, ಗ್ಲೇಜ್, ಎರಡು ಸಲದ ಬೆಂಕಿ ಎಲ್ಲ ಸೇರಿ ಒಂದು ಲೋಟಕ್ಕೆ ನೂರು ರೂಪಾಯಿ ಒಳಗೇ ಬೀಳುತ್ತದೆ. ತಿಂಗಳಿಗೆ 100 ಲೋಟ ಮಾಡಿದರೆ ಮೆಂಬರ್‌ಶಿಪ್ ಪಾಲು 55 ರೂಪಾಯಿ. ನಾನು ಮಾರುವುದು 350ಕ್ಕೆ. ಪ್ಯಾಕಿಂಗ್, ಕೊರಿಯರ್, ಒಡೆದದ್ದು ಕಳೆದು ಉಳಿದದ್ದು ನನ್ನದು. ಹಳೆಯ ಸಂಬಳದ ಹತ್ತಿರಕ್ಕೂ ಬರುವುದಿಲ್ಲ. ಆದರೆ ಮೊದಲ ತಿಂಗಳಿಂದಲೇ ಕೈಯಿಂದ ಹಾಕದೆ ನಡೆಯುತ್ತದೆ.

ಇದೇ ಬೆಂಕಿಯನ್ನು ಸ್ವಂತಕ್ಕೆ ತರಬೇಕಾದರೆ? ಒಂದು ಮಧ್ಯಮ ಸೈಜಿನ ಎಲೆಕ್ಟ್ರಿಕ್ ಕಿಲ್ನ್‌ಗೆ ಎರಡು ಲಕ್ಷದ ಮೇಲೆ. ಅದಕ್ಕೆ ತ್ರೀ ಫೇಸ್ ಕನೆಕ್ಷನ್, ಲೋಡ್ ಜಾಸ್ತಿ ಮಾಡಿಸುವುದು, ಗ್ರೌಂಡ್ ಫ್ಲೋರಿನಲ್ಲಿ ಗಾಳಿಯಾಡುವ ಶೆಡ್, ಅದರ ಅಡ್ವಾನ್ಸ್. ಐದು ವರ್ಷ ತುಂಬಿ ಕೆಲಸ ಬಿಟ್ಟವರಿಗೆ ವರ್ಷಕ್ಕೆ 15 ದಿನದ ಸಂಬಳದ ಲೆಕ್ಕದಲ್ಲಿ ಗ್ರಾಚ್ಯುಟಿ ಬರುತ್ತದಲ್ಲ, ತುಂಬ ಜನ ಆ ದುಡ್ಡನ್ನು ಪೂರ್ತಿ ಕಿಲ್ನ್‌ಗೆ ಸುರಿಯುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ನಿಮ್ಮ ಲೋಟ ಯಾರು ಕೊಳ್ಳುತ್ತಾರೆ ಅಂತ ಗೊತ್ತಾಗುವ ಮೊದಲು ಕಿಲ್ನ್ ಕೊಳ್ಳಬೇಡಿ. ಆ ದುಡ್ಡು ಮನೆ ಖರ್ಚಿಗೆ ಇರಲಿ. ಕಂಪನಿಯ ಗ್ರೂಪ್ ಇನ್ಶೂರೆನ್ಸ್ ಸಾಮಾನ್ಯವಾಗಿ ಕೆಲಸದ ಕೊನೆ ದಿನಕ್ಕೇ ಮುಗಿಯುತ್ತದೆ, ಅದಕ್ಕಿಂತ ಮೊದಲೇ ಸ್ವಂತ ಪಾಲಿಸಿ ಮಾಡಿಸಿಕೊಳ್ಳಿ.

ಇನ್ನು ಬೆಂಕಿಯ ಗುಣಮಟ್ಟ. ನನ್ನ ಮಟ್ಟಿಗೆ ಈ ಸ್ಟುಡಿಯೋದ ನಿಜವಾದ ಆಸ್ತಿ ಇದೇ.

ಕಿಲ್ನ್ ನೋಡಿಕೊಳ್ಳುವ ಅಣ್ಣ ಕೋಲಾರದ ಕಡೆಯವರು, ಕುಂಬಾರರ ಮನೆತನ. ಅವರಪ್ಪ ಊರಲ್ಲಿ ಆವಿಗೆ, ಅಂದರೆ ಮಡಕೆ ಸುಡುವ ಊರಿನ ಗೂಡು, ಹಾಕುತ್ತಿದ್ದರಂತೆ. ಇಲ್ಲಿ ಡಿಜಿಟಲ್ ಕಂಟ್ರೋಲರ್ ಇದೆ, ಆದರೂ ಅವರು ಪ್ರತಿ ಪಾತ್ರೆಯನ್ನು ಕೈಯಲ್ಲಿ ಹಿಡಿದು ನೋಡದೆ ಒಳಗೆ ಇಡುವುದಿಲ್ಲ. ನನ್ನ ಮೊದಲ ಭರಣಿ ತೆಗೆದುಕೊಂಡು ಹೋದಾಗ ಅದರ ತಳವನ್ನು ಕೆನ್ನೆಗೆ ಒತ್ತಿ ನೋಡಿದರು. "ಮೇಡಂ, ನೀವೂ ನೋಡಿ. ತಣ್ಣಗಿದೆ ಅಲ್ವಾ? ಮೇಲೆ ಒಣಗಿದೆ, ಒಳಗೆ ಇನ್ನೂ ನೀರಿದೆ. ನಾಳಿದ್ದು ತನ್ನಿ" ಅಂದರು. ಅಷ್ಟೇ. ಹಾಗೇ ತುಂಬಿ ಸುಟ್ಟಿದ್ದರೆ ಒಳಗಿನ ನೀರು ನೂರು ಡಿಗ್ರಿಗೆ ಆವಿಯಾಗಿ ಭರಣಿ ಸಿಡಿಯುತ್ತಿತ್ತು. ಅಕ್ಕಪಕ್ಕದವರ ಪಾತ್ರೆಗಳನ್ನೂ ಜೊತೆಗೆ ಒಡೆಯುತ್ತಿತ್ತು.

ಬಿಸ್ಕ್ ಫೈರಿಂಗ್ ಇಲ್ಲಿ ನಿಧಾನ. ಮೊದಲ ಕೆಲವು ಗಂಟೆ ನೂರರ ಒಳಗೇ ಇಟ್ಟಿರುತ್ತಾರೆ. ಆಮೇಲೆ 573 ಡಿಗ್ರಿ ಹತ್ತಿರ ಬಂದಾಗ ಮತ್ತೆ ನಿಧಾನ ಮಾಡುತ್ತಾರೆ. ಆ ಹಂತದಲ್ಲಿ ಮಣ್ಣಿನಲ್ಲಿರುವ ಕ್ವಾರ್ಟ್ಜ್ ಹರಳುಗಳು ದಿಢೀರ್ ಹಿಗ್ಗುತ್ತವೆ, ಆರುವಾಗ ಅಲ್ಲೇ ದಿಢೀರ್ ಕುಗ್ಗುತ್ತವೆ. ಅವಸರ ಮಾಡಿದರೆ ಕೂದಲೆಳೆಯಂಥ ಬಿರುಕು ಬರುತ್ತದೆ. ಕಣ್ಣಿಗೆ ಕಾಣುವುದಿಲ್ಲ, ಕಾಫಿ ಸುರಿದ ದಿನ ಗೊತ್ತಾಗುತ್ತದೆ. ನಾನು ಮುಂಚೆ ಟ್ರೈ ಮಾಡಿದ ಇನ್ನೊಂದು ಕಡೆ ಕರೆಂಟ್ ಉಳಿಸಲು ಎಲ್ಲವನ್ನೂ ಒಂದೇ ಓಟದಲ್ಲಿ ಮುಗಿಸುತ್ತಿದ್ದರು. ಅಲ್ಲಿಂದ ಬಂದ ಲೋಟಗಳನ್ನು ಬೆರಳಿನಿಂದ ತಟ್ಟಿದರೆ ಸದ್ದು ಟಪ್ ಅನ್ನುತ್ತಿತ್ತು. ಇಲ್ಲಿಯದು ಟಣ್ ಅನ್ನುತ್ತದೆ.

ಗ್ಲೇಜ್ ಫೈರಿಂಗ್‌ನಲ್ಲಿ ಮೀಟರ್ ಜೊತೆಗೆ ಪ್ರತಿ ಶೆಲ್ಫಿನಲ್ಲೂ ಒಂದು ಕೋನ್, ಅಂದರೆ ಖನಿಜಗಳಿಂದ ಮಾಡಿದ ಪುಟ್ಟ ಶಂಕು, ಇಡುತ್ತಾರೆ. ನಿಗದಿಯಾದ ಶಾಖ ತಗುಲಿದಾಗ ಅದು ಬಾಗುತ್ತದೆ. ಜರ್ಮನಿಯ ಹರ್ಮನ್ ಸೆಗರ್ 1886ರಲ್ಲಿ ಕಂಡುಹಿಡಿದ ಉಪಾಯ, ಇವತ್ತಿಗೂ ಇದಕ್ಕಿಂತ ನಂಬಿಕಸ್ತ ಸಾಕ್ಷಿ ಇಲ್ಲ. ಮೀಟರ್ ಬರೀ ಡಿಗ್ರಿ ತೋರಿಸುತ್ತದೆ, ಕೋನ್ ಎಷ್ಟು ಹೊತ್ತು ಎಷ್ಟು ಬೆಂದಿದೆ ಅನ್ನುವುದನ್ನೂ ಸೇರಿಸಿ ಹೇಳುತ್ತದೆ. ಕಿಲ್ನ್ ತೆಗೆದ ಮೇಲೆ ನಿಮ್ಮ ಶೆಲ್ಫಿನ ಕೋನ್ ಕೇಳಿದರೆ ಕೊಡುತ್ತಾರೆ. ಮೇಲಿನ ಶೆಲ್ಫಿನದು ಪೂರ್ತಿ ಬಾಗಿ, ಕೆಳಗಿನದು ಅರ್ಧ ಬಾಗಿದ್ದನ್ನು ನೋಡಿದ್ದೇನೆ. ಅಂದರೆ ಕೆಳಗೆ ಶಾಖ ಸ್ವಲ್ಪ ಕಮ್ಮಿ. ಹಾಗಾಗಿ ಭರಣಿಗಳಿಗೆ ನಾನು ಯಾವಾಗಲೂ ಮೇಲಿನ ಶೆಲ್ಫ್ ಕೇಳುತ್ತೇನೆ. ಅವರು ಇಲ್ಲ ಅಂದದ್ದಿಲ್ಲ.

ಟೆಸ್ಟಿಂಗ್ ಬುದ್ಧಿ ಸುಮ್ನೆ ಬಿಡುವುದಿಲ್ಲವಲ್ಲ. ಪ್ರತಿ ಬ್ಯಾಚಿನಿಂದ ಒಂದು ಪಾತ್ರೆ ತೆಗೆದು ಮನೆಯಲ್ಲಿ ಪರೀಕ್ಷೆ ಮಾಡುತ್ತೇನೆ. ಗ್ಲೇಜ್ ಹಾಕದ ಒಂದು ತುಂಡನ್ನು ಅಡುಗೆಮನೆಯ ತಕ್ಕಡಿಯಲ್ಲಿ ತೂಗಿ, ನೀರಿನಲ್ಲಿ ಚೆನ್ನಾಗಿ ಕುದಿಸಿ, ಒಂದು ದಿನ ನೆನೆಯಲು ಬಿಟ್ಟು, ಒರೆಸಿ ಮತ್ತೆ ತೂಗುವುದು. 240 ಗ್ರಾಂ ಇದ್ದದ್ದು 243 ಆಯಿತು. ಅಂದರೆ ನೂರಕ್ಕೆ 1.25ರಷ್ಟು ನೀರು ಕುಡಿದಿದೆ. ಸ್ಟೋನ್‌ವೇರ್‌ಗೆ (ಹೆಚ್ಚು ಶಾಖದಲ್ಲಿ ಸುಟ್ಟ ಗಟ್ಟಿ ಪಾತ್ರೆಗೆ) ಇದು ಒಳ್ಳೆಯ ಫಲಿತಾಂಶ. ಊರ ಆವಿಗೆಯಲ್ಲಿ ಸುಟ್ಟ ಮಡಕೆ ನೀರು ಜಿನುಗಿಸುತ್ತದೆ, ಅದಕ್ಕೇ ಅದರ ನೀರು ತಣ್ಣಗಿರುತ್ತದೆ. ಉಪ್ಪಿನಕಾಯಿಗೆ ಆ ಗುಣ ಬೇಡ. ಉಪ್ಪುನೀರು ಒಳಗಿಂದ ಜಿನುಗಿ ಭರಣಿಯ ಹೊರಗೆ ಬೆಳ್ಳಗೆ ಹೂವು ಬಂದಂತೆ ಕೂರುತ್ತದೆ. ಇನ್ನೊಂದು ಪರೀಕ್ಷೆ ನಿಂಬೆಹಣ್ಣಿನದು. ಗ್ಲೇಜ್ ಮೇಲೆ ಒಂದು ಹೋಳು ಇಟ್ಟು ರಾತ್ರಿಯಿಡೀ ಬಿಡಿ. ಬೆಳಿಗ್ಗೆ ಅಲ್ಲಿ ಬಣ್ಣ ಮಾಸಿದ್ದರೆ ಆ ಗ್ಲೇಜ್ ಊಟದ ಪಾತ್ರೆಗೆ ಬೇಡ. ಸ್ಟುಡಿಯೋದ ಎಂಟು ಗ್ಲೇಜ್‌ಗಳಲ್ಲಿ ಏಳು ಪಾಸ್. ಒಂದು ಹಸಿರು ಬಣ್ಣದ್ದು ಮಾಸಿತು. ಸ್ಟುಡಿಯೋ ನಡೆಸುವ ಮೇಡಂಗೆ ತೋರಿಸಿದೆ. ಮೇಡಂ ಬೇಜಾರು ಮಾಡಿಕೊಳ್ಳದೆ ಅದೇ ದಿನ ಆ ಬಕೆಟ್ಟಿನ ಮೇಲೆ "ಅಲಂಕಾರಕ್ಕೆ ಮಾತ್ರ" ಅಂತ ಬರೆದು ಅಂಟಿಸಿದರು. ಈ ಒಂದು ವಿಷಯಕ್ಕೇ ನನಗೆ ಈ ಜಾಗದ ಮೇಲೆ ಗೌರವ.

ಸ್ವಚ್ಛತೆಗೂ ಪೂರ್ತಿ ಅಂಕ. ಒಣ ಮಣ್ಣಿನ ಪುಡಿಯಲ್ಲಿ ಸಿಲಿಕಾ ಇರುತ್ತದೆ, ವರ್ಷಗಟ್ಟಲೆ ಉಸಿರಾಡಿದರೆ ಶ್ವಾಸಕೋಶ ಕೆಡುತ್ತದೆ. ಇಲ್ಲಿ ಪೊರಕೆ ಮುಟ್ಟುವಂತಿಲ್ಲ. ಎಲ್ಲರೂ ತಮ್ಮ ಜಾಗವನ್ನು ಒದ್ದೆ ಬಟ್ಟೆಯಲ್ಲಿ ಒರೆಸಿಯೇ ಹೋಗಬೇಕು. ದಿನವಿಡೀ ಅಲ್ಲೇ ಇರುವ ನಮ್ಮಂಥವರಿಗೆ ಇದು ತುಂಬ ಮುಖ್ಯ.

ಈಗ ಬೇಸರದ ವಿಷಯ. ಶನಿವಾರ, ಭಾನುವಾರ ಇಲ್ಲಿ ಕೆಲಸ ಆಗುವುದಿಲ್ಲ. ವರ್ಕ್‌ಶಾಪ್ ಗಲಾಟೆ. ವೀಲ್ ಖಾಲಿ ಇರುವುದಿಲ್ಲ, ಹಾಡು ಜೋರು, ಸಿಂಕ್ ಮುಂದೆ ಕ್ಯೂ. ಸ್ಟುಡಿಯೋ ಉಳಿಯುವುದೇ ಆ ಆದಾಯದಿಂದ ಅಂತ ಗೊತ್ತು, ಅದಕ್ಕೆ ನನ್ನ ತಕರಾರಿಲ್ಲ. ಆದರೆ ವರ್ಕ್‌ಶಾಪಿನವರ ಪಾತ್ರೆಗಳನ್ನೂ ನಮ್ಮವನ್ನೂ ಒಂದೇ ಬಿಸ್ಕ್‌ನಲ್ಲಿ ತುಂಬುವುದು ಸರಿಯಲ್ಲ. ಅಣ್ಣ ರಜೆ ಮೇಲಿದ್ದ ವಾರ ಯಾರದೋ ದಪ್ಪ ತಳದ ಆನೆ ಗೊಂಬೆ ಒಳಗೇ ಸಿಡಿಯಿತು. ಅದರ ಚೂರು ಬಡಿದು ನನ್ನ ಮೂರು ಭರಣಿಗಳ ಕಂಠ ಮುಕ್ಕಾಯಿತು. ಮುಚ್ಚಳಕ್ಕೆ ಅಳತೆ ಕೂಡಿಸಿ ತಿರುಗಿಸಿದ ಭರಣಿಗಳು. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ ಅನ್ನುವುದು ಅವತ್ತು ಸರಿಯಾಗಿ ಅರ್ಥವಾಯಿತು. ಫೈರಿಂಗ್ ದುಡ್ಡು ವಾಪಸ್ ಕೊಟ್ಟರು. ಪಾತ್ರೆಯ ಬೆಲೆ ಕೊಡುವುದಿಲ್ಲ ಅನ್ನುವುದು ಅವರ ನಿಯಮ, ಸೇರುವಾಗ ಸಹಿ ಹಾಕಿಸಿಕೊಳ್ಳುವ ಕಾಗದದಲ್ಲೂ ಇದೆ. ಮಾರಾಟಕ್ಕೆ ಮಾಡುವವರಿಗೆ ಪ್ರತ್ಯೇಕ ಫೈರಿಂಗ್ ದಿನ ಇಡಿ ಅಂತ ಕೇಳಿದ್ದೇನೆ. ತಿಂಗಳಿಗೆ ಎರಡು ದಿನ ಕೊಡುತ್ತೇವೆ ಅಂದಿದ್ದಾರೆ, ಸದ್ಯಕ್ಕೆ ಒಂದು ಸಿಗುತ್ತಿದೆ.

ಕರೆಂಟ್ ಹೋದರೆ ಬ್ಯಾಕಪ್ ಇಲ್ಲ. ಇಷ್ಟು ದೊಡ್ಡ ಲೋಡ್ ಹೊರುವ ಜನರೇಟರ್ ಇಡುವುದು ಅವರಿಗೂ ಕಷ್ಟ. ಗ್ಲೇಜ್ ಕರಗುವ ಹೊತ್ತಿಗೆ ಕರೆಂಟ್ ಕೈಕೊಟ್ಟರೆ ಪಾತ್ರೆ ಮಂಕಾಗಿ ಬರುತ್ತದೆ. ಆಗ ಎರಡನೇ ಸಲ ಸುಡಲು ದುಡ್ಡು ಕೇಳುವುದಿಲ್ಲ, ಅಷ್ಟರಮಟ್ಟಿಗೆ ಒಳ್ಳೆಯವರು.

ಕಲಿಯಲು ಇಲ್ಲಿಗೆ ಬರಬೇಕಾ ಅಂತ ಕೆಲವರು ಕೇಳುತ್ತಾರೆ. ಮೊದಲ ಪಾಠಕ್ಕೆ ಸಾಕು. ಮಣ್ಣನ್ನು ಚಪಾತಿ ಹಿಟ್ಟಿನ ಹಾಗೆ ನಾದಿ ಗಾಳಿ ತೆಗೆಯುವುದು, ವೀಲ್ ಮೇಲೆ ನಡುವಿಗೆ ತರುವುದು, ಒಂದು ಬಟ್ಟಲು ಎಳೆಯುವುದು, ಇಷ್ಟನ್ನು ಮೇಡಂ ತಾಳ್ಮೆಯಿಂದ ಹೇಳಿಕೊಡುತ್ತಾರೆ. ಅದಕ್ಕಿಂತ ಆಳಕ್ಕೆ ಹೋಗಬೇಕಾದರೆ ಬೇರೆ ಕಡೆ ನೋಡಿ. ನಮ್ಮ ರಾಜ್ಯದಲ್ಲೇ, ಬೆಳಗಾವಿ ಜಿಲ್ಲೆಯ ಖಾನಾಪುರದಲ್ಲಿ ಖಾದಿ ಮತ್ತು ಗ್ರಾಮೋದ್ಯೋಗ ಆಯೋಗದ ಕುಂಬಾರಿಕೆ ಸಂಸ್ಥೆ ಇದೆ. ಪಾಂಡಿಚೇರಿಯಲ್ಲಿ ರೇ ಮೀಕರ್ ಮತ್ತು ಡೆಬೊರಾ ಸ್ಮಿತ್ 1971ರಲ್ಲಿ ಶುರು ಮಾಡಿದ ಗೋಲ್ಡನ್ ಬ್ರಿಜ್ ಪಾಟರಿಯಲ್ಲಿ ಕಲಿತವರು ಇವತ್ತು ದೇಶದ ಎಲ್ಲ ಕಡೆ ಇದ್ದಾರೆ. ದೂರ ಹೋಗಲು ಆಗದವರು ಬೆಂಗಳೂರಿನ ಪಾಟರಿ ಟೌನ್‌ಗೆ ಗಣೇಶನ ಹಬ್ಬಕ್ಕೆ ಮುಂಚೆ ಒಂದು ಸುತ್ತು ಹೋಗಿ ಬನ್ನಿ. ತಲೆಮಾರುಗಳಿಂದ ಮಣ್ಣಿನಲ್ಲೇ ಬದುಕಿದವರ ಕೈ ಎಷ್ಟು ವೇಗವಾಗಿ ಓಡುತ್ತದೆ ನೋಡಿ. ಒಂದು ಹಣತೆಗೆ ಅವರಿಗೆ ಸಿಗುವ ಬೆಲೆ ಎಷ್ಟು ಅಂತಲೂ ಕೇಳಿ. ಕೆಲಸ ಬಿಟ್ಟು ಬಂದ ನಮ್ಮ ಲೋಟಕ್ಕೆ 350 ಹೇಳುವಾಗ ಆ ಬೆಲೆ ನೆನಪಿರಬೇಕು ಅಂತ ನನಗೆ ಅನ್ನಿಸುತ್ತದೆ.

ಅಳತೆಯ ವಿಷಯ ಒಂದು. ಇಲ್ಲಿನ ಸ್ಟೋನ್‌ವೇರ್ ಮಣ್ಣು ಹಸಿಯಿಂದ ಪೂರ್ತಿ ಸುಟ್ಟು ಬರುವಷ್ಟರಲ್ಲಿ ನೂರಕ್ಕೆ 12ರಷ್ಟು ಕುಗ್ಗುತ್ತದೆ. 10 ಸೆಂಟಿಮೀಟರ್ ಎತ್ತರದ ಲೋಟ ಬೇಕಾದರೆ ಹಸಿಯಲ್ಲಿ 11.4 ಎಳೆಯಿರಿ. ಆರ್ಡರ್ ಒಪ್ಪಿಕೊಳ್ಳುವ ಮುಂಚೆ ಈ ಲೆಕ್ಕ ಗೋಡೆಗೆ ಬರೆದಿಟ್ಟುಕೊಳ್ಳಿ. ಬೇರೆ ಕಡೆಯ ಮಣ್ಣು ತಂದು ಇಲ್ಲಿ ಸುಡಬೇಕಾದರೆ ಮೊದಲು ಒಂದು ಸಣ್ಣ ಬಿಲ್ಲೆ ಮಾಡಿ ಕೊಡಬೇಕು. ಕಡಿಮೆ ಶಾಖದ ಮಣ್ಣಾದರೆ ಕರಗಿ ಶೆಲ್ಫಿಗೇ ಅಂಟುತ್ತದೆ, ಆ ಶೆಲ್ಫಿನ ದುಡ್ಡು ನೀವೇ ಕೊಡಬೇಕು.

ಯಾರಿಗೆ ಈ ಜಾಗ? ತಿಂಗಳಿಗೆ ನೂರು, ನೂರೈವತ್ತು ಪಾತ್ರೆ ಮಾಡಿ ಮಾರುಕಟ್ಟೆ ನೋಡುತ್ತಿರುವವರಿಗೆ ಕಣ್ಣು ಮುಚ್ಚಿಕೊಂಡು ಹೇಳುತ್ತೇನೆ, ಸೇರಿ. ಹೋಟೆಲಿನಿಂದ ಐನೂರು ತಟ್ಟೆಯ ಆರ್ಡರ್ ಹಿಡಿದವರಿಗೆ ಇಲ್ಲಿ ಆಗುವುದಿಲ್ಲ, ಶೆಲ್ಫ್ ಸಾಲುವುದಿಲ್ಲ. ದೀಪಾವಳಿಗೆ ಮಾಲು ಬೇಕಾದವರು ಆಗಸ್ಟಿನಲ್ಲೇ ಕಿಲ್ನ್ ಬುಕ್ ಮಾಡಿ, ಅಕ್ಟೋಬರಿನಲ್ಲಿ ಕೇಳಿದರೆ ಮೂರು ವಾರ ಕಾಯಬೇಕು.

ಮಾಲೀಕರು ಇದನ್ನು ಓದಿದರೆ ಒಂದೇ ಕೋರಿಕೆ. ಮಳೆಗಾಲದಲ್ಲಿ ರ‍್ಯಾಕ್ ಮೇಲೆ ಇಟ್ಟ ಪಾತ್ರೆ ವಾರವಾದರೂ ಒಣಗುವುದಿಲ್ಲ. ಕಿಲ್ನ್ ಪಕ್ಕದ ಬಿಸಿ ಗೋಡೆಗೆ ತಾಗಿದಂತೆ ಒಂದು ಬಾಗಿಲಿನ ಕಪಾಟು ಮಾಡಿಸಿಕೊಡಿ. ಅದಕ್ಕೆ ತಿಂಗಳಿಗೆ ಇನ್ನೂರು ಜಾಸ್ತಿ ಕೇಳಿದರೂ ಮೆಂಬರ್‌ಗಳು ಕೊಡುತ್ತಾರೆ, ನಾನು ಎಲ್ಲರನ್ನೂ ಕೇಳಿದ್ದೇನೆ.