ಅವೆನ್ಯೂ ರಸ್ತೆಯ ಹಳೇ ಪುಸ್ತಕದಂಗಡಿ: ಮೇಷ್ಟ್ರು ಸಿಕ್ಕರು, 16 ಪುಟ ಸಿಗಲಿಲ್ಲ

ನಮ್ಮದು ಹವ್ಯಾಸಿ ನಾಟಕ ತಂಡ. ಹಗಲು ಎಲ್ಲರಿಗೂ ನೌಕರಿ, ಸಂಜೆ ಏಳಕ್ಕೆ ತಾಲೀಮು. ಅದರಲ್ಲಿ ನನ್ನ ಕೆಲಸ ಪ್ರಾಂಪ್ಟ್ ಮಾಡೋದು. 18 ವರ್ಷದಿಂದ ಸೈಡ್ ವಿಂಗಿನಲ್ಲಿ ಕೂತು ಬೇರೆಯವರು ಮರೆತ ಮಾತು ನೆನಪಿಸುತ್ತಿದ್ದೇನೆ. ಈ ಸಲ ಲಂಕೇಶ್ ಮೇಷ್ಟ್ರ ‘ಸಂಕ್ರಾಂತಿ’ ನಾಟಕ ಮಾಡೋಣ ಅಂತಾಯ್ತು. ನನಗೆ ಸಿಕ್ಕ ಜೆರಾಕ್ಸ್‌ನಲ್ಲಿ ಪ್ರತಿ ಪುಟದ ಬಲ ಅಂಚು ಬಿದ್ದೇ ಇರಲಿಲ್ಲ. ಅರ್ಧ ಮಾತು ಹೇಳಿಕೊಡೋಕೆ ಪ್ರಾಂಪ್ಟರ್ ಯಾಕೆ ಬೇಕು? ಪುಸ್ತಕ ಹುಡುಕಿಕೊಂಡು ಬೆಂಗಳೂರಿನ ಅವೆನ್ಯೂ ರಸ್ತೆಗೆ ಹೊರಟೆ.

ಅಂಗಡಿ ಅಂದೆ, ಆದರೆ ಬೋರ್ಡೂ ಇಲ್ಲ, ಶಟರೂ ಇಲ್ಲ. ಗೋಡೆಗೆ ಒರಗಿಸಿ ಎದೆಮಟ್ಟ ಪೇರಿಸಿದ ಪುಸ್ತಕ, ಮೇಲೆ ನೀಲಿ ಟಾರ್ಪಾಲು. ಮುಂದಿನ ಸಾಲೆಲ್ಲ ನೀಟ್, ಕೆಎಎಸ್ ಗೈಡುಗಳು. ಕನ್ನಡ ಬೇಕು ಅಂದರೆ ಅಂಗಡಿಯವರು ಸ್ಟೂಲಿನಿಂದ ಎದ್ದು ಹಿಂದಕ್ಕೆ ಹೋಗಬೇಕು. ಎದ್ದು ಹೋಗ್ತಾರೆ, ಮುಖ ಸಿಂಡರಿಸೋದಿಲ್ಲ. ಅದಕ್ಕೇ ಒಂದು ಸ್ಟಾರ್ ಜಾಸ್ತಿ.

“ಲಂಕೇಶ್ ಇದೆಯಾ?” ಅಂದೆ.

“ಯಾವುದು ಮೇಡಂ? ಪತ್ರಿಕೆಯಾ, ನಾಟಕವಾ, ಪದ್ಯವಾ?”

ತಮಾಷೆ ಅಂದುಕೊಂಡೆ. ಅಲ್ಲ. ‘ಲಂಕೇಶ್ ಪತ್ರಿಕೆ’ಯ ಹಳೇ ಸಂಚಿಕೆ ಕೇಳಿಕೊಂಡು ಬರೋರೇ ಬೇರೆಯಂತೆ, ನಾಟಕದವರೇ ಬೇರೆಯಂತೆ. ‘ಅವ್ವ’ ಪದ್ಯ ಎಲ್ಲಿದೆ ಅಂತ ಹುಡುಕಿಕೊಂಡು ಬರೋರು ಕಾಲೇಜಿನವರಂತೆ. ಹಾಗಾಗಿ ಒಬ್ಬ ಮನುಷ್ಯನನ್ನು ಮೂರು ಕಡೆ ಇಟ್ಟಿದ್ದಾರೆ. ಆತ್ಮಕಥೆ ‘ಹುಳಿಮಾವಿನ ಮರ’ ಮಾತ್ರ ಯಾವ ಕಟ್ಟಿಗೂ ಸೇರದೆ ಸ್ಟೂಲಿನ ಕೆಳಗಿತ್ತು. ನಾಟಕಗಳು 120 ರೂಪಾಯಿ, ಆತ್ಮಕಥೆ 180. ಚೌಕಾಸಿ ಮಾಡಿ ಒಟ್ಟು 260ಕ್ಕೆ ತಂದೆ. “ಸಂಸ್ಕಾರ ಪಿಚ್ಚರಲ್ಲಿ ನಾರಣಪ್ಪ ಇವರೇ ಅಲ್ವಾ?” ಅಂತ ಪುಸ್ತಕ ಒರೆಸುತ್ತಾ ಕೇಳಿದರು. ಹೌದು, 1970ರ ಆ ಸಿನಿಮಾದಲ್ಲಿ ಊರಿಗೆಲ್ಲ ತಲೆನೋವಾಗಿ ಬಿದ್ದಿರುವ ಹೆಣ ಇವರದೇ.

ಪುಸ್ತಕಗಳ ವಿಷಯ ಹೇಳಲೇಬೇಕು, ನಾನು ದುಡ್ಡು ಕೊಟ್ಟಿದ್ದು ಅದಕ್ಕೇ.

ನಾಟಕಗಳನ್ನು ಬರೆದ ಕ್ರಮದಲ್ಲೇ ಓದಿ. 60ರ ದಶಕದ ‘ತೆರೆಗಳು’ ಆಗ ಹೊಸ ಪ್ರಯೋಗ, ಅಸಂಗತ (ಅಬ್ಸರ್ಡ್) ನಾಟಕದ ಕಾಲ. ನನಗೆ ಅದು ಇವತ್ತು ಸ್ವಲ್ಪ ಒಣಗಿದಂತೆ ಕಂಡಿತು. ‘ಸಂಕ್ರಾಂತಿ’ಗೆ ಬಂದರೆ ಗಾಳಿಯೇ ಬೇರೆ. ಬಸವಣ್ಣ, ಬಿಜ್ಜಳರ ಕಾಲ. ಕೆಳಜಾತಿಯ ರುದ್ರ, ಬ್ರಾಹ್ಮಣರ ಹುಡುಗಿ ಉಷಾ. ರುದ್ರ ಶರಣನಾಗಿ ಮಾತು, ನಡೆ ಎಲ್ಲ ತಿದ್ದಿಕೊಳ್ಳುತ್ತಾನೆ. ಉಷಾಳಿಗೆ ಬೇಕಾಗಿದ್ದು ತಿದ್ದಿಕೊಳ್ಳುವ ಮೊದಲಿನ ರುದ್ರ! ಈ ಜಾಗದಲ್ಲಿ ನಮ್ಮ ಹುಡುಗ ಎರಡು ವಾರ ಒದ್ದಾಡಿದ. ಹಳೇ ರುದ್ರನ ಮಾತು ಅವನಿಗೆ ಒಂದು ದಿನಕ್ಕೇ ಬಾಯಿಗೆ ಬಂತು. ಶರಣ ರುದ್ರನ ಮಾತಿಗೆ ಪ್ರತಿ ದಿನ ನಾನೇ ಬೇಕು. ಬರೆದವರು ಬೇಕಂತಲೇ ಹಾಗೆ ಮಾಡಿದ್ದಾರಾ ಅಂತ ನನಗೆ ಅನುಮಾನ.

1993ರ ‘ಗುಣಮುಖ’ ಇನ್ನೂ ಗಟ್ಟಿ. ದೆಹಲಿ ಕೊಳ್ಳೆ ಹೊಡೆದ ನಾದಿರ್ ಶಾಗೆ ಕಾಯಿಲೆ. ಎಲ್ಲರೂ ನಡುಗುತ್ತಿರುವಾಗ ಹಕೀಮ ಅಲಾವಿಖಾನ್ ಅವನ ಎದುರು ಕೂತು ನಿಜ ಹೇಳುತ್ತಾನೆ. ಅದೇ ಮದ್ದು. ಪತ್ರಿಕೆ ಶುರುಮಾಡಿ 13 ವರ್ಷ ಆಳುವವರ ಜೊತೆ ಜಗಳವಾಡಿದ ಮೇಲೆ ಬರೆದ ನಾಟಕ ಅದು, ಗೊತ್ತಾಗುತ್ತೆ.

ಇನ್ನು ‘ಹುಳಿಮಾವಿನ ಮರ’. ಲಂಕೇಶ್ ಹುಟ್ಟಿದ್ದು 1935ರಲ್ಲಿ, ಶಿವಮೊಗ್ಗದ ಕೊನಗವಳ್ಳಿಯಲ್ಲಿ. ಕಾಲೇಜಿನಲ್ಲಿ ಇಂಗ್ಲಿಷ್ ಮೇಷ್ಟ್ರು. ಗ್ರೀಕ್ ನಾಟಕಕಾರ ಸೊಫೋಕ್ಲಿಸ್‌ನ ಈಡಿಪಸ್, ಫ್ರೆಂಚ್ ಕವಿ ಬೋದಿಲೇರನ ಪದ್ಯಗಳು ಎರಡನ್ನೂ ಕನ್ನಡಕ್ಕೆ ತಂದವರು. ‘ಪಲ್ಲವಿ’ ಸಿನಿಮಾಕ್ಕೆ ನಿರ್ದೇಶಕರ ರಾಷ್ಟ್ರ ಪ್ರಶಸ್ತಿ ಪಡೆದವರು. ಇಷ್ಟೆಲ್ಲ ಇದ್ದರೂ ಈ ಪುಸ್ತಕದಲ್ಲಿ ಶಾಲು ಹೊದ್ದ ಸಾಹಿತಿ ಸಿಗೋದಿಲ್ಲ. ತನ್ನ ಚಟ, ಸಿಟ್ಟು, ಸಣ್ಣತನ ಎಲ್ಲ ಅಂಗಳದಲ್ಲಿ ಒಣಹಾಕಿದ್ದಾರೆ. ಕೆಲವು ಕಡೆ ನನಗೆ ಕೋಪವೂ ಬಂತು, ಬೇರೆಯವರ ಗುಟ್ಟನ್ನೂ ಇವರು ಯಾಕೆ ಹೇಳಬೇಕು ಅಂತ. ಆದರೆ ಅವ್ವನ ವಿಷಯ ಬಂದಾಗ ಪದ್ಯವನ್ನು ಪಕ್ಕದಲ್ಲಿಟ್ಟು ಓದಿ. ಅಲ್ಲಿನ ಅವ್ವ ಸತಿ ಸಾವಿತ್ರಿಯಲ್ಲ. ಕಾಸಿಗೆ, ಕೆಟ್ಟ ಪೈರಿಗೆ, ಸತ್ತ ಕರುವಿಗೆ ಅಳುವವಳು, ತಪ್ಪಿಸಿಕೊಂಡ ಮುದಿ ಎಮ್ಮೆ ಹುಡುಕಿ ಊರೂರು ಅಲೆಯುವವಳು. ಆ ಎಮ್ಮೆಗಾಗಿ ನಾನು ಎಷ್ಟು ಸಲ ಆ ಪದ್ಯ ಓದಿದ್ದೇನೋ.

ಈಗ ದೂರು. ಮನೆಗೆ ಬಂದು ಓದುತ್ತಾ ಹೋದರೆ ಆತ್ಮಕಥೆಯ ನಡುವೆ ಒಂದು ಫಾರಂ, ಅಂದರೆ ಒಟ್ಟಿಗೆ ಅಚ್ಚಾಗಿ ಮಡಿಸಿದ ಪುಟಗಳ ಕಟ್ಟು, ಇಲ್ಲ. ಪೂರ್ತಿ 16 ಪುಟ. ಲಂಕೇಶ್ ಇನ್ನೇನು ಯಾರಿಗೋ ಬೈಯಬೇಕು, ಪುಟ ತಿರುಗಿಸಿದರೆ ಬೇರೆ ವರ್ಷ, ಬೇರೆ ಜಗಳ! ಮುಂದಿನ ಶನಿವಾರ ವಾಪಸ್ ತಗೊಂಡು ಹೋದೆ. “ಅರ್ಧ ದುಡ್ಡು ಕೊಡ್ತೀನಿ ಮೇಡಂ, ಇಲ್ಲಾಂದ್ರೆ ಇನ್ನೊಂದು ಕಾಪಿ ಬರೋವರೆಗೂ ಇದನ್ನೇ ಇಟ್ಕೊಳ್ಳಿ” ಅಂದರು. ತಪ್ಪು ಅಂತ ಒಪ್ಪಿಕೊಳ್ಳಲಿಲ್ಲ, ಜಗಳಕ್ಕೂ ಬರಲಿಲ್ಲ. ಇಟ್ಟುಕೊಂಡೆ. ಬದಲಿಗೆ ಎರಡು ಹಳೇ ‘ಲಂಕೇಶ್ ಪತ್ರಿಕೆ’ ಪುಕ್ಕಟೆ ಕೊಟ್ಟರು. ಜಾಹೀರಾತೇ ಇಲ್ಲದ ವಾರಪತ್ರಿಕೆ, ಮೂಲೆಯಲ್ಲಿ ಲಂಕೇಶ್ ‘ನೀಲು’ ಹೆಸರಿನಲ್ಲಿ ಬರೆಯುತ್ತಿದ್ದ ಪುಟ್ಟ ಪದ್ಯದ ನಾಲ್ಕಾರು ಸಾಲು. ನನಗೆ ಅದು ಲಾಭವೇ.

ಹೋಗೋರಿಗೆ: ಗಾಡಿ ತರಬೇಡಿ, ನಿಲ್ಲಿಸೋಕೆ ಜಾಗವಿಲ್ಲ. ಚಿಕ್ಕಪೇಟೆ ಮೆಟ್ರೋದಲ್ಲಿ ಇಳಿದು ನಡೆಯಿರಿ. ಚಿಲ್ಲರೆ ಇರಲಿ. ದುಡ್ಡು ಕೊಡುವ ಮೊದಲು ಪುಟದ ಸಂಖ್ಯೆ ನೋಡಿಕೊಳ್ಳಿ, ಅವರ ಮಾತು ನಂಬಬೇಡಿ. ಅವರ ನೆನಪು ಮಾತ್ರ ನಂಬಿ. ನಾನು ಪದ್ಯದ ಪುಸ್ತಕ ಕೇಳಿದ್ದನ್ನು ಮರೆತೇಬಿಟ್ಟಿದ್ದೆ. ನಿನ್ನೆ ತಾಲೀಮಿನ ನಡುವೆ ಫೋನು.

“ಮೇಡಂ, ‘ಬಿಚ್ಚು’ ಸಿಕ್ಕಿದೆ. ರಟ್ಟಿಲ್ಲ. ಎತ್ತಿಡಲಾ?”

“ಎತ್ತಿಡಿ, ಫಾರಂ ಎಣಿಸಿ ಎತ್ತಿಡಿ” ಅಂದೆ. ಅಷ್ಟರಲ್ಲಿ ಶರಣ ರುದ್ರ ಮತ್ತೆ ಮಾತು ಮರೆತು ನನ್ನ ಕಡೆ ನೋಡುತ್ತಿದ್ದ.